ಹಿಮದಡಿ ಮಲಗುವ ಕೆಂಪು ಕಣ್ಣು

ಮಕ್ಕಳೇ, ಅರಿಶಿನದ ಗಿಡವನ್ನು ನೀವು ನೋಡಿರಬಹುದು. ಸಂಕ್ರಾಂತಿಯ ಹೊತ್ತಿಗೆ ಅದರ ಎಲೆಗಳು ಹಳದಿಯಾಗಿ, ಒಣಗಿ, ನೆಲಕ್ಕೆ ಬಾಗುತ್ತವೆ. ಗಿಡ ಸತ್ತೇ ಹೋಯಿತು ಅನ್ನಿಸುತ್ತದೆ. ಆದರೆ ಅಗೆಯದೆ ಬಿಟ್ಟ ಗೆಡ್ಡೆ ಮಣ್ಣೊಳಗೆ ಸುಮ್ಮನೆ ಮಲಗಿದ್ದು, ಮಳೆ ಬಿದ್ದ ಮೇಲೆ ಮತ್ತೆ ಚಿಗುರುತ್ತದೆ. ಅರಿಶಿನ ಬೇಸಿಗೆಯನ್ನು ನಿದ್ದೆಯಲ್ಲಿ ಕಳೆಯುತ್ತದೆ. ಚಳಿಗಾಲವನ್ನು ನಿದ್ದೆಯಲ್ಲಿ ಕಳೆಯುವ ಗಿಡಗಳೂ ಇವೆ. ಅಂಥದ್ದೊಂದು ಪಿಯೋನಿ.

ಅಂಗೈ ತುಂಬುವಷ್ಟು ದೊಡ್ಡ, ಪದರಪದರವಾಗಿ ಬಿರಿಯುವ ಹೂವು ಇದರದು. ತೋಟಗಳಲ್ಲಿ ಹೆಚ್ಚಾಗಿ ಕಾಣುವ ಪಿಯೋನಿಯ ತವರು ಚೀನಾದ ಉತ್ತರ ಭಾಗ ಮತ್ತು ಸೈಬೀರಿಯ. ಇಂದು ಅಮೆರಿಕದಲ್ಲೂ ಅದು ಬಲು ಮೆಚ್ಚಿನ ಹೂವು. ಅಲ್ಲಿನ ಇಂಡಿಯಾನಾ ರಾಜ್ಯ 1957ರಲ್ಲಿ ಇದನ್ನು ತನ್ನ ರಾಜ್ಯಪುಷ್ಪವಾಗಿ ಆರಿಸಿಕೊಂಡಿತು. ಇನ್ನೂ ಉತ್ತರದ ಮಿನ್ನೆಸೋಟದಲ್ಲಿ ಚಳಿಗಾಲದ ರಾತ್ರಿ ಸೊನ್ನೆಗಿಂತ 30 ಡಿಗ್ರಿ ಕೆಳಕ್ಕೆ ಇಳಿಯುವುದುಂಟು. ನಮ್ಮ ಮನೆಯ ಫ್ರಿಜ್ಜಿನ ಐಸ್ ಪೆಟ್ಟಿಗೆಯೂ ಅಷ್ಟು ತಣ್ಣಗಿರುವುದಿಲ್ಲ!

ಆ ಚಳಿಯಲ್ಲಿ ಗಿಡ ಹೇಗೆ ಬದುಕುತ್ತದೆ? ಒಂದು ಪ್ರಯೋಗ ಮಾಡಿ. ಎರಡು ಸ್ಟೀಲ್ ಲೋಟಗಳಲ್ಲಿ ಅರ್ಧರ್ಧ ನೀರು ತೆಗೆದುಕೊಳ್ಳಿ. ಒಂದಕ್ಕೆ ನಾಲ್ಕೈದು ಚಮಚ ಸಕ್ಕರೆ ಕರಗಿಸಿ. ಎರಡನ್ನೂ ಐಸ್ ಪೆಟ್ಟಿಗೆಯಲ್ಲಿಟ್ಟು ಆಗಾಗ ನೋಡಿ. ಬರೀ ನೀರು ಮೊದಲು ಗಟ್ಟಿಯಾಗುತ್ತದೆ, ಸಕ್ಕರೆ ನೀರು ನಿಧಾನ ಮಾಡುತ್ತದೆ. ಚಳಿ ಹತ್ತಿರವಾದಾಗ ಪಿಯೋನಿಯೂ ಬೇರಿನಲ್ಲಿ ಕೂಡಿಟ್ಟ ಪಿಷ್ಟದಲ್ಲಿ ಒಂದಷ್ಟನ್ನು ಸಕ್ಕರೆಯಾಗಿ ಬದಲಿಸಿಕೊಳ್ಳುತ್ತದೆ. ಮೇಲೆ ಬಿದ್ದ ಹಿಮವೂ ಕಂಬಳಿಯಂತೆ ನೆರವಾಗುತ್ತದೆ. ಹಿಮದ ಹರಳುಗಳ ನಡುವೆ ಸಿಕ್ಕಿಕೊಂಡ ಗಾಳಿ, ನೆಲದ ಬಿಸುಪು ಬೇಗ ಹೊರಹೋಗದಂತೆ ತಡೆಯುತ್ತದೆ.

ಪಿಯೋನಿಯನ್ನು ಬೇರೆಡೆ ನೆಡಲು ಒಳ್ಳೆಯ ಕಾಲ ಸೆಪ್ಟೆಂಬರ್. ಆಗ ಎಲೆಗಳ ಕೆಲಸ ಮುಗಿದು, ಊಟವೆಲ್ಲ ಬೇರಿಗೆ ಇಳಿದಿರುತ್ತದೆ. ಮಣ್ಣು ಇನ್ನೂ ಬೆಚ್ಚಗಿರುವುದರಿಂದ, ನೆಲ ಹೆಪ್ಪುಗಟ್ಟುವ ಮುನ್ನ ಹೊಸ ಎಳೆಬೇರುಗಳು ಮೂಡಲು ಸಮಯ ಸಿಗುತ್ತದೆ.

ಬುಡವನ್ನು ಅಗೆದು ಮಣ್ಣು ತೊಳೆದರೆ, ಗೆಣಸಿನಂತೆ ದಪ್ಪ ಬೇರುಗಳ ನೆತ್ತಿಯಲ್ಲಿ ಕೆಂಪು ಮೊಗ್ಗುಗಳು ಕಾಣುತ್ತವೆ. ಕಬ್ಬಿಗೆ, ಆಲೂಗಡ್ಡೆಗೆ ಕಣ್ಣು ಇರುತ್ತದಲ್ಲ, ಇವೂ ಹಾಗೆಯೇ ಕಣ್ಣುಗಳು. ಮುಂದಿನ ವರ್ಷದ ದಂಟು, ಎಲೆ, ಹೂವೆಲ್ಲ ಹೊರಡುವುದು ಇವುಗಳಿಂದಲೇ. ಚೂಪಾದ ಚಾಕುವಿನಿಂದ ಬುಡವನ್ನು ಹೋಳು ಮಾಡುತ್ತಾರೆ. ಪ್ರತಿ ಹೋಳಿನಲ್ಲೂ ಮೂರರಿಂದ ಐದು ಕಣ್ಣು ಇರಬೇಕು.

ನೆಡುವಾಗ ಕಣ್ಣು ಮೇಲ್ಮುಖವಾಗಿರಬೇಕು, ಅದರ ಮೇಲಿನ ಮಣ್ಣು 5 ಸೆಂಟಿಮೀಟರ್ ಮೀರಬಾರದು. ಚಳಿಯೆಂದು ಮರುಗಿ ಆಳದಲ್ಲಿ ಹೂತರೆ ಎಲೆ ಬಂದೀತು, ಹೂವು ಬರುವುದು ಕಷ್ಟ. ಏಕೆಂದರೆ ಆ ಕಣ್ಣಿಗೆ ಚಳಿ ಬೇಕು! ವಾರಗಟ್ಟಲೆ ಚಳಿ ತಾಗಿದ ಮೇಲೆಯೇ ಅದರ ನಿದ್ದೆ ಸರಿಯಾಗಿ ಮುಗಿಯುವುದು. ನಮ್ಮ ಬೆಂಗಳೂರಿನಲ್ಲಿ ಪಿಯೋನಿ ನೆಟ್ಟರೆ ಹೂವು ಕಾಣದಿರುವುದು ಇದೇ ಕಾರಣಕ್ಕೆ. ಹಿಮಾಚಲದ ಸೇಬಿನ ಮರಗಳಿಗೂ ಇಂಥದೇ ಚಳಿಯ ನಿದ್ದೆ ಬೇಕು.

ಇನ್ನೊಂದು ಎಚ್ಚರಿಕೆ ಇದೆ. ಮಣ್ಣು ಹೆಪ್ಪುಗಟ್ಟುವಾಗ ಒಳಗಿನ ಐಸ್ ಪದರ ಕೆಳಗಿನ ನೀರನ್ನು ಸೆಳೆದುಕೊಂಡು ದಪ್ಪವಾಗುತ್ತದೆ, ನೆಲವನ್ನು ಮೇಲಕ್ಕೆತ್ತುತ್ತದೆ. ಮತ್ತೆ ಮತ್ತೆ ಹೆಪ್ಪುಗಟ್ಟಿ ಕರಗಿದರೆ, ಹೊಸದಾಗಿ ನೆಟ್ಟ ಬೇರು ಮೇಲಕ್ಕೆದ್ದು ಬಂದುಬಿಡುತ್ತದೆ. ಅದಕ್ಕಾಗಿ ನೆಲ ಗಟ್ಟಿಯಾದ ಮೇಲೆ ಹುಲ್ಲು ಹೊದಿಸುತ್ತಾರೆ. ಈ ಹೊದಿಕೆ ಇರುವುದು ಚಳಿಯನ್ನು ಓಡಿಸಲು ಅಲ್ಲ, ಚಳಿ ಒಂದೇ ಸಮನಾಗಿರಲಿ ಎಂದು. ವಸಂತ ಬಂದಾಗ ಅದನ್ನು ತೆಗೆಯುತ್ತಾರೆ.

ಹೀಗೆ ನೆಟ್ಟ ಗಿಡ ಚೆನ್ನಾಗಿ ಹೂ ಬಿಡಲು ಎರಡು ಮೂರು ವರ್ಷ ಬೇಕು. ಆಮೇಲೆ ಅದೇ ಜಾಗದಲ್ಲಿ 50 ವರ್ಷಕ್ಕೂ ಮೀರಿ ಬಾಳಬಲ್ಲದು. ಇಂದು ಮಗು ನೆಟ್ಟ ಗಿಡದ ಹೂವನ್ನು ಮುಂದೆ ಅದರ ಮೊಮ್ಮಕ್ಕಳು ಮೂಸಿ ನೋಡಬಹುದು.

ಆದ್ದರಿಂದ ಮಕ್ಕಳೇ, ಒಣಗಿದ ಗಿಡವನ್ನು ಕಿತ್ತೆಸೆಯುವ ಮುನ್ನ ಬುಡದ ಮಣ್ಣನ್ನು ಬೆರಳಿನಿಂದ ಮೆಲ್ಲಗೆ ಸರಿಸಿ ನೋಡಿ. ಅಲ್ಲೊಂದು ಕಣ್ಣು ಮಲಗಿದ್ದರೆ, ಮಣ್ಣು ಮುಚ್ಚಿ, ಅದರ ಪಾಡಿಗೆ ಮಲಗಲು ಬಿಡಿ.