ಊರೂರು ಅಲೆದ ಕುಂಚ: ಆದೋನಿ, ಪ್ಯಾರಿಸ್ ಮತ್ತು ಶೈಲಿಯ ಹುಡುಕಾಟ

(ದತ್ತಿ ಉಪನ್ಯಾಸ)



ನಮ್ಮ ದತ್ತಿ ಉಪನ್ಯಾಸಗಳಲ್ಲಿ ವಚನ, ದಾಸಸಾಹಿತ್ಯ, ಶಾಸನಗಳಿಗೆ ಜಾಗ ಸಿಗುವಷ್ಟು ಚಿತ್ರಕಲೆಗೆ ಸಿಗುವುದಿಲ್ಲ. ಈ ಸಲ ಸಿಕ್ಕಿದೆ, ಕೃತಜ್ಞತೆಗಳು. ದೇಶದಿಂದ ದೇಶಕ್ಕೆ ಹೋಗುವ ಚಿತ್ರಕಾರ ತನ್ನದೇ ಆದ ಶೈಲಿಯನ್ನು ಹೇಗೆ ಕಂಡುಕೊಳ್ಳುತ್ತಾನೆ ಎಂಬುದು ನನಗೆ ಕೊಟ್ಟಿರುವ ವಿಷಯ. ಈ ಮಾತು ಎತ್ತಿದರೆ ಎಲ್ಲರೂ ನೆಟ್ಟಗೆ ಪ್ಯಾರಿಸ್ಸಿಗೆ ಹೊರಡುತ್ತಾರೆ. ನಾನೂ ಹೊರಡುವವನೇ. ಆದರೆ ಆದೋನಿಯ ಮೇಲೆ ಹಾಯ್ದು ಹೋಗುತ್ತೇನೆ. 17ನೇ ಶತಮಾನದ ಕೊನೆಗೆ ಈ ಊರಿನ ಕೋಟೆಗೂ ಭಾರತೀಯ ಚಿತ್ರಕಲೆಯ ಒಂದು ದೊಡ್ಡ ತಿರುವಿಗೂ ನೇರ ನಂಟಿತ್ತು.

1. ಕೋಟೆಯಲ್ಲಿದ್ದ ಚಿತ್ರಗಳು

1565ರ ಯುದ್ಧದಲ್ಲಿ ವಿಜಯನಗರ ಸೋತ ಮೇಲೆ ಆದೋನಿ ಬಿಜಾಪುರದ ಆದಿಲ್ ಶಾಹಿಗಳ ಕೈಗೆ ಬಂತು. ಅವರ ಕಡೆಗಾಲದಲ್ಲಿ ಇಲ್ಲಿ ಅಧಿಕಾರ ನಡೆಸಿದವನು ಹಬಶಿ ಮೂಲದ ಸಿದ್ದಿ ಮಸೂದ್ ಖಾನ್. ಮಂತ್ರಾಲಯದ ಕಥೆ ಕೇಳಿ ಬೆಳೆದ ನಮಗೆ ಅವನು ಮಂಚಾಲೆ ಗ್ರಾಮವನ್ನು ರಾಯರಿಗೆ ಬಿಟ್ಟುಕೊಟ್ಟ ನವಾಬ. ಊರೊಳಗಿನ ಶಾಹಿ ಜಾಮಿಯಾ ಮಸೀದಿಯನ್ನು ಕಟ್ಟಿಸಿದವನೂ ಅವನೇ. ಇವೆರಡೂ ನಮಗೆಲ್ಲ ಗೊತ್ತು. ಅವನು ಚಿತ್ರಗಳ ದೊಡ್ಡ ಸಂಗ್ರಾಹಕನಾಗಿದ್ದ ಎಂಬುದು ಮಾತ್ರ ಇಲ್ಲಿ ಅಷ್ಟಾಗಿ ಮಾತಿಗೆ ಬರುವುದಿಲ್ಲ.

1686ರಲ್ಲಿ ಬಿಜಾಪುರ ಬಿತ್ತು, ಮರುವರ್ಷ ಗೋಲ್ಕೊಂಡ. 1688ರಲ್ಲಿ ಔರಂಗಜೇಬನ ಸೇನಾನಿ ಫಿರೋಜ್ ಜಂಗ್ ಆದೋನಿಗೆ ಮುತ್ತಿಗೆ ಹಾಕಿದ. ಫಿರಂಗಿಗಳನ್ನು ಮಸೀದಿಯತ್ತ ತಿರುಗಿಸಿದ್ದನ್ನು ಕಂಡು, ತಾನು ಕಟ್ಟಿಸಿದ ಮಸೀದಿ ಉಳಿದರೆ ಸಾಕೆಂದು ಮಸೂದ್ ಖಾನ್ ಕೋಟೆ ಒಪ್ಪಿಸಿದನೆಂದು ಐತಿಹ್ಯವಿದೆ. ಗೆದ್ದವರು ಊರಿಗೆ ಇಮ್ತಿಯಾಜ್‌ಗಢ ಎಂದು ಹೆಸರಿಟ್ಟರು. ಮೊಘಲರ ಪರವಾಗಿ ಮುಂದೆ ಇಲ್ಲಿ ಅಧಿಕಾರದಲ್ಲಿದ್ದವನು ಬಿಕಾನೇರಿನ ಮಹಾರಾಜ ಅನೂಪ್ ಸಿಂಗ್. 1698ರಲ್ಲಿ ಅವನು ತೀರಿಕೊಂಡದ್ದೂ ಆದೋನಿಯಲ್ಲೇ.

ಅನೂಪ್ ಸಿಂಗ್ ಕತ್ತಿ ಹಿಡಿದವನಷ್ಟೇ ಆಗಿರಲಿಲ್ಲ. ದಖನ್ನಿನ ದಂಡಯಾತ್ರೆಗಳ ನಡುವೆ ಸಂಸ್ಕೃತದ ಹಸ್ತಪ್ರತಿಗಳನ್ನು ಹುಡುಕಿ ಬಿಕಾನೇರಿಗೆ ಸಾಗಿಸಿದ. ಅವನ ಹೆಸರಿನ ಅನೂಪ್ ಸಂಸ್ಕೃತ ಗ್ರಂಥಾಲಯ ಇಂದಿಗೂ ಇದೆ. ಹಸ್ತಪ್ರತಿಗಳ ದಾರಿಯಲ್ಲೇ ಚಿತ್ರಗಳೂ ಹೋದವು. ಬಿಕಾನೇರಿನ ಭಂಡಾರದವರಿಗೆ ಒಂದು ಒಳ್ಳೆಯ ರೂಢಿಯಿತ್ತು: ಲೆಕ್ಕ ನೋಡುವಾಗೆಲ್ಲ ಚಿತ್ರದ ಬೆನ್ನ ಮೇಲೆ ಬರೆದಿಡುತ್ತಿದ್ದರು. ಬಿಜಾಪುರ ಶೈಲಿಯ ಹಲವು ಚಿತ್ರಗಳು ಆದೋನಿಯಿಂದ ಬಂದವೆಂದು ವಿದ್ವಾಂಸರು ಗುರುತಿಸುವುದಕ್ಕೆ ಆ ಬರಹಗಳೇ ಆಧಾರ. ಚಿತ್ರಗಳನ್ನು ಹಾಗೆ ಸಾಗಿಸಿದ್ದು ಲೂಟಿ, ಮುಚ್ಚಿಡುವಂಥದ್ದೇನೂ ಇಲ್ಲ. ಆದರೆ ಲೂಟಿ ಮಾಡಿದವನು ಲೆಕ್ಕವನ್ನೂ ಇಟ್ಟ. ಇಲ್ಲದಿದ್ದರೆ ಈ ಚಿತ್ರಗಳ ಕಥೆಯಲ್ಲಿ ಆದೋನಿಯ ಹೆಸರೇ ಇರುತ್ತಿರಲಿಲ್ಲ.

ಬಿಕಾನೇರಿನ ಅರಮನೆ ಸಂಗ್ರಹದಲ್ಲಿದ್ದ ಒಂದು ಚಿತ್ರವನ್ನು ಹತ್ತಿರದಿಂದ ನೋಡೋಣ. ಕಮಾಲ್ ಮುಹಮ್ಮದ್ ಮತ್ತು ಚಾಂದ್ ಮುಹಮ್ಮದ್ ಎಂಬ ಇಬ್ಬರು ಸೇರಿ ಸುಮಾರು 1680ರಲ್ಲಿ ಬರೆದದ್ದು. ಈಗ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಮ್ಯೂಸಿಯಂನಲ್ಲಿದೆ. ಬೇರೆ ಬೇರೆ ಕಾಲದಲ್ಲಿ ಆಳಿದ ಬಿಜಾಪುರದ ಸುಲ್ತಾನರು ಇದರಲ್ಲಿ ಒಟ್ಟಿಗೆ ಸಭೆ ಕೂತಿದ್ದಾರೆ. ಮೂಲಪುರುಷ ಯೂಸುಫ್ ಅಧಿಕಾರದ ಕೀಲಿಕೈ ಪಡೆಯುತ್ತಿದ್ದಾನೆ. ಕಡೆಯವನಾದ ಸಿಕಂದರ್ ಇನ್ನೂ ಹುಡುಗ. ಮುಖಗಳಲ್ಲಿ ಮೊಘಲ್ ಭಾವಚಿತ್ರದ ಖಚಿತತೆ, ಬಣ್ಣದಲ್ಲಿ ದಖನ್ನಿನ ಚಿನ್ನ ಮತ್ತು ಗುಲಾಬಿಯ ಬೆಡಗು. ಆರೇ ವರ್ಷದಲ್ಲಿ ಬಿದ್ದುಹೋಗಲಿರುವ ರಾಜ್ಯವೊಂದು ತನ್ನ ವಂಶಾವಳಿಯನ್ನು ಹೀಗೆ ಬರೆಸಿಕೊಂಡಿತ್ತು.

2. ಯುದ್ಧದ ಬೆನ್ನು ಹತ್ತಿ ಬಂದವರು

ದೇಶ ತಿರುಗುವ ಕಲಾವಿದ ಎಂದರೆ ತನ್ನಿಚ್ಛೆಯಂತೆ ಹೊರಟವನು ಎಂದು ನಾವು ಭಾವಿಸುತ್ತೇವೆ. ಅನೂಪ್ ಸಿಂಗನ ಚಿತ್ರಕಾರರಿಗೆ ಆ ಭಾಗ್ಯವಿರಲಿಲ್ಲ. ದೊರೆಯ ದಂಡು ಎಲ್ಲಿಗೆ ಹೋದರೆ ಅವರ ಬಣ್ಣದ ಬಟ್ಟಲುಗಳೂ ಅಲ್ಲಿಗೆ. ಮರುಭೂಮಿಯಿಂದ ಹೊರಟು ಕೃಷ್ಣಾ ತುಂಗಭದ್ರೆಗಳ ಸೀಮೆಯವರೆಗೆ ಬಂದವರು ಅವರು. ಆ ಕಾಲಕ್ಕೆ ಅದು ಬೇರೆ ದೇಶವೇ ಸರಿ: ಮಾತು ಬೇರೆ, ಬಂಡೆಯ ಬಣ್ಣ ಬೇರೆ, ಊಟ ಬೇರೆ.

ಬಿಕಾನೇರಿನ ಚಿತ್ರಶಾಲೆಗೆ ಮೊಘಲ್ ತಳಹದಿ ಮೊದಲೇ ಇತ್ತು. ದೆಹಲಿಯಿಂದ ಬಂದ ಉಸ್ತಾದ್ ಅಲಿ ರಜಾ 17ನೇ ಶತಮಾನದ ನಡುವಿನಲ್ಲಿ ಅಲ್ಲಿ ಕೆಲಸ ಮಾಡಿದ್ದ. ಅನೂಪ್ ಸಿಂಗನ ಕಾಲಕ್ಕೆ ಆ ಶಾಲೆಯ ಮುಖ್ಯ ಚಿತ್ರಕಾರ ರುಕ್ನುದ್ದೀನ್. ಧರ್ಮದಿಂದ ಮುಸ್ಲಿಮ, ಬರೆದದ್ದು ಕೃಷ್ಣನನ್ನು, ಕೇಶವದಾಸನ ‘ರಸಿಕಪ್ರಿಯಾ’ದ ನಾಯಕ ನಾಯಿಕೆಯರನ್ನು.

ರುಕ್ನುದ್ದೀನನ ಕೈ ಪಳಗಿದ್ದು ಮೊಘಲ್ ರೀತಿಯಲ್ಲಿ: ಕೂದಲೆಳೆಯಷ್ಟು ಸಣ್ಣ ಗೆರೆ, ಕೆನ್ನೆಯ ಮೇಲೆ ಕಂಡೂ ಕಾಣದ ನೆರಳು, ಬಟ್ಟೆಯ ಮಡಿಕೆಯಲ್ಲಿ ಲೆಕ್ಕ ತಪ್ಪದ ಶಿಸ್ತು. ದಖನ್ನಿನ ಚಿತ್ರಗಳು ಎದುರಿಗಿಟ್ಟದ್ದು ಇನ್ನೊಂದೇ ಲೋಕ. ಅಲ್ಲಿ ಬೆಟ್ಟ ನೇರಳೆಯಾಗಬಹುದು, ಆಕಾಶ ಹೊನ್ನಾಗಬಹುದು, ಹೂವಿನ ಗಿಡ ಮನುಷ್ಯನಿಗಿಂತ ಎತ್ತರ ಬೆಳೆಯಬಹುದು. ಕಣ್ಣಿಗೆ ಕಂಡದ್ದಕ್ಕಿಂತ ಮನಸ್ಸಿಗೆ ಹತ್ತಿದ ಬಣ್ಣಕ್ಕೆ ಅಲ್ಲಿ ಬೆಲೆ.

ಎರಡನ್ನೂ ಕಂಡವನಿಗೆ ಎರಡು ಸುಲಭದ ದಾರಿಗಳಿದ್ದವು. ಹೊಸದಕ್ಕೆ ಮಾರುಹೋಗಿ ಹಳೆಯದನ್ನು ಕೈಬಿಡುವುದು ಒಂದು. ಕಣ್ಣು ಮುಚ್ಚಿಕೊಂಡು ಹಳೆಯದನ್ನೇ ಬರೆಯುತ್ತ ಹೋಗುವುದು ಇನ್ನೊಂದು. ಬಿಕಾನೇರಿನ ಚಿತ್ರಕಾರರು ಗೆರೆಯ ಶಿಸ್ತನ್ನು ಬಿಡಲಿಲ್ಲ. ಬಣ್ಣವನ್ನು ದಖನ್ನಿನಿಂದ ಎರವಲು ತಂದರು. ಮೊಘಲ್ ನೆರಳು ತಗ್ಗಿತು, ತಿಳಿಗುಲಾಬಿ ಮತ್ತು ಊದಾ ಬಣ್ಣಗಳು ಒಳಗೆ ಬಂದವು, ನಾಯಿಕೆಯರ ಮೈ ಬಳ್ಳಿಯಂತೆ ತೆಳುವಾಯಿತು. ರಾಜಸ್ಥಾನದ ಮಿಕ್ಕ ಶೈಲಿಗಳ ನಡುವೆ ಬಿಕಾನೇರಿನ ಚಿತ್ರ ಬೇರೆಯಾಗಿ ಕಾಣುವುದು ಈ ಕೂಡುವಿಕೆಯಿಂದ. ಕಲಾ ಇತಿಹಾಸಕಾರರು ಅದಕ್ಕೆ ಕಾರಣ ಹೇಳುವಾಗ ದಖನ್ನಿನ ಹೆಸರನ್ನೂ, ದಖನ್ನಿನೊಳಗೆ ಆದೋನಿಯ ಹೆಸರನ್ನೂ ಹೇಳಲೇಬೇಕಾಗುತ್ತದೆ.

3. ಕಟ್ಟಿಂಗೇರಿಯಿಂದ ಹೊರಟವರು

ಈಗ ಪ್ಯಾರಿಸ್. ಕನ್ನಡ ನಾಡಿನಿಂದ ಅಲ್ಲಿಗೆ ಹೋದ ಚಿತ್ರಕಾರರಲ್ಲಿ ದೊಡ್ಡ ಹೆಸರು ಕೆ.ಕೆ. ಹೆಬ್ಬಾರರದು. 1911ರಲ್ಲಿ ಉಡುಪಿ ಬಳಿಯ ಕಟ್ಟಿಂಗೇರಿಯಲ್ಲಿ ಹುಟ್ಟಿ, ಮುಂಬಯಿಯ ಜೆ.ಜೆ. ಕಲಾಶಾಲೆಯಲ್ಲಿ ಕಲಿತು, ಅಲ್ಲೇ ಪಾಠ ಹೇಳಿದವರು. ಆ ಶಾಲೆ ಕೊಟ್ಟದ್ದು ಯುರೋಪಿನ ಪಠ್ಯಕ್ರಮದ ಕೈಚಳಕ. ಎದುರಿಗಿರುವುದನ್ನು ಇದ್ದ ಹಾಗೇ ಇಳಿಸುವುದು ಅವರಿಗೆ ಸಲೀಸಾಯಿತು. ಆ ಸಲೀಸೇ ಅವರಿಗೆ ಸಾಲದಾಯಿತು. ಅಜಂತಾ, ಜೈನ ಹಸ್ತಪ್ರತಿಗಳ ಚಿತ್ರ, ಚಿಕಣಿ ಚಿತ್ರಗಳನ್ನೆಲ್ಲ ಅವರು ಮತ್ತೆ ಪಾಠವಾಗಿ ಓದಿದರು. ಬುಡಾಪೆಸ್ಟಿನಲ್ಲಿ ಹುಟ್ಟಿ, ಪ್ಯಾರಿಸ್ಸಿನಲ್ಲಿ ಕಲಿತು, ಭಾರತಕ್ಕೆ ಬಂದ ಮೇಲೆ ತನ್ನ ಬಣ್ಣವನ್ನು ಕಂಡುಕೊಂಡ ಅಮೃತಾ ಶೇರ್‌ಗಿಲ್ ಅವರ ಚಿತ್ರಗಳ ಪ್ರಭಾವವೂ ಅವರ ಮೇಲಾಯಿತು. 1940ರ ದಶಕದ ‘ಸನ್ನಿ ಸೌತ್’ ಆ ಹಂತದ ಫಲ. ಕರಾವಳಿಯ ಬಿಸಿಲು ಅದರಲ್ಲಿ ದಟ್ಟ ಬಣ್ಣವಾಗಿದೆ.

1949–50ರಲ್ಲಿ ಅವರು ಪ್ಯಾರಿಸ್ಸಿನ ಅಕಾಡೆಮಿ ಜೂಲಿಯನ್‌ನಲ್ಲಿ ಚಿತ್ರಕಲೆಯನ್ನೂ ಎಕೋಲ್ ಎಸ್ತಿಯೆನ್‌ನಲ್ಲಿ ಕೆತ್ತನೆಯನ್ನೂ ಅಭ್ಯಾಸ ಮಾಡಿದರು. ಆಗಲೇ ನಲವತ್ತರ ಹೊಸ್ತಿಲಲ್ಲಿದ್ದರು. ಪಾಠ ಹೇಳುತ್ತಿದ್ದವರು ಮತ್ತೆ ಬೆಂಚಿನ ಮೇಲೆ ಕೂತರು. ತಿರುಗಿ ಬಂದವರ ಕೈಯಲ್ಲಿ ಪ್ಯಾರಿಸ್ಸಿನ ಯಾವ ಪಂಥದ ಮುದ್ರೆಯೂ ಇರಲಿಲ್ಲ. ಹೋಗುವ ಮೊದಲಿಂದಲೇ ಬೆಳೆಯುತ್ತಿದ್ದ ಒಂದು ಗುಣ ಮಾತ್ರ ಇನ್ನಷ್ಟು ಗಟ್ಟಿಯಾಯಿತು: ಗೆರೆ.

ಹೆಬ್ಬಾರರ ಗೆರೆ ಎಂದೊಡನೆ ನನಗೆ ನೆನಪಾಗುವುದು ಅದರ ಹಿಂದಿನ ದುಡಿಮೆ. ಅವರು ಪಂಡಿತ್ ಸುಂದರ್ ಪ್ರಸಾದ್ ಅವರ ಬಳಿ ಎರಡು ವರ್ಷ ಕಥಕ್ ಕಲಿತರು. ರಂಗದ ಮೇಲೆ ಕುಣಿಯಬೇಕೆಂದಲ್ಲ. ಲಯ ಮೈಯೊಳಗೆ ಹೇಗೆ ಹುಟ್ಟುತ್ತದೆ ಎಂದು ತಿಳಿಯುವುದಕ್ಕೆ. ನಾಟ್ಯದ ಹುಡುಗಿಯೊಬ್ಬಳ ಅವರ ರೇಖಾಚಿತ್ರ ನೋಡಿ: ಭುಜದಿಂದ ಹೊರಟ ಗೆರೆ ಬೆನ್ನಿಳಿದು, ಸೊಂಟದಲ್ಲಿ ತಿರುವು ತೆಗೆದುಕೊಂಡು, ಲಂಗದ ಸುತ್ತು ಮುಗಿಯುವವರೆಗೆ ಉಸಿರು ಕಟ್ಟಿ ಓಡುತ್ತದೆ. ಮುಖಕ್ಕೆ ಎರಡು ಗೀಟು ಸಾಕು. ನೆರಳಿಲ್ಲ, ಹಿನ್ನೆಲೆಯಿಲ್ಲ. ‘ದಿ ಸಿಂಗಿಂಗ್ ಲೈನ್’ ಎಂಬ ಅವರ ರೇಖಾಚಿತ್ರಗಳ ಪುಸ್ತಕದ ಹೆಸರು ಆ ಗುಣಕ್ಕೆ ತಕ್ಕುದಾಗಿದೆ.

ರುಕ್ನುದ್ದೀನನಿಗೆ ಗೆರೆಯ ಶಿಸ್ತು ಪರಂಪರೆಯಿಂದ ಬಂದಿತ್ತು. ಹೆಬ್ಬಾರರು ತಮ್ಮ ಗೆರೆಯನ್ನು ಬೆವರು ಸುರಿಸಿ ಕಟ್ಟಿಕೊಳ್ಳಬೇಕಾಯಿತು. ಬಿಡದೆ ಹಿಡಿಯುವಂಥದ್ದು ಕೈಯಲ್ಲಿ ಇಲ್ಲದಿದ್ದರೆ ಅದನ್ನು ಸಂಪಾದಿಸಬಹುದು. ಹೆಬ್ಬಾರರಿಂದ ಕಲಿಯುವ ಪಾಠ ಇದು.

4. ನಮ್ಮ ಸೀಮೆಯ ರೆಡ್ಡಿ

ಹೆಬ್ಬಾರರು ಒಂದೇ ವರ್ಷಕ್ಕೆ ಹಿಂದಿರುಗಿದರು. ಹಿಂದಿರುಗದವರೊಬ್ಬರು ನಮ್ಮ ರಾಯಲಸೀಮೆಯವರೇ. ಕೃಷ್ಣ ರೆಡ್ಡಿ 1925ರಲ್ಲಿ ಚಿತ್ತೂರು ಜಿಲ್ಲೆಯ ನಂದನೂರಿನಲ್ಲಿ ಹುಟ್ಟಿದರು. ಶಾಂತಿನಿಕೇತನದಲ್ಲಿ ನಂದಲಾಲ್ ಬೋಸರ ಶಿಷ್ಯ. ಮದರಾಸಿನ ಕಲಾಕ್ಷೇತ್ರದಲ್ಲಿ ಕಲಾ ವಿಭಾಗದ ಮುಖ್ಯಸ್ಥ. ಲಂಡನ್ನಿನ ಸ್ಲೇಡ್ ಶಾಲೆಯಲ್ಲಿ ಹೆನ್ರಿ ಮೂರ್ ಬಳಿ, ಪ್ಯಾರಿಸ್ಸಿನಲ್ಲಿ ಜಾಡ್ಕಿನ್ ಬಳಿ, ಇಟಲಿಯ ಮಿಲಾನಿನಲ್ಲಿ ಮರಿನೊ ಮರೀನಿ ಬಳಿ ಶಿಲ್ಪದ ವಿದ್ಯಾರ್ಥಿ. ಕಡೆಗೆ ನ್ಯೂಯಾರ್ಕ್, 2018ರಲ್ಲಿ ಅಲ್ಲೇ ತೀರಿಕೊಂಡರು. ಇಷ್ಟು ದೇಶ, ಇಷ್ಟು ಗುರುಗಳ ನಡುವೆ ತನ್ನತನ ಉಳಿದದ್ದು ಹೇಗೆ?

ಪ್ಯಾರಿಸ್ಸಿನಲ್ಲಿ ಹೇಟರ್ ಎಂಬ ಇಂಗ್ಲಿಷ್ ಕಲಾವಿದ ನಡೆಸುತ್ತಿದ್ದ ‘ಆತಲಿಯೇ 17’ ಎಂಬ ಮುದ್ರಣಶಾಲೆಗೆ ರೆಡ್ಡಿ ಸೇರಿದರು. ಲೋಹದ ತಗಡಿನಿಂದ ಬಣ್ಣದ ಚಿತ್ರ ಅಚ್ಚು ಹಾಕಲು ಆಗ ಬಣ್ಣಕ್ಕೊಂದು ತಗಡು ಮಾಡುವುದು ವಾಡಿಕೆ. ರೆಡ್ಡಿ ಮತ್ತು ಮುಂಬಯಿಯ ಕೈಕೋ ಮೋತಿ ಅಲ್ಲಿ ಒಂದೇ ತಗಡಿನ ಮೇಲೆ ಹಲವು ಬಣ್ಣಗಳನ್ನು ನಿಲ್ಲಿಸುವ ವಿಧಾನವನ್ನು ಬೆಳೆಸಿದರು. ತಗಡನ್ನು ಆಸಿಡ್ಡಿನಿಂದಲೂ ಉಪಕರಣಗಳಿಂದಲೂ ಬೇರೆ ಬೇರೆ ಆಳಕ್ಕೆ ಕೊರೆಯಬೇಕು. ಮೊದಲು, ಹೆಚ್ಚು ಎಣ್ಣೆ ಬೆರೆಸಿ ತೆಳುವಾಗಿಸಿದ ಬಣ್ಣವನ್ನು ಗಟ್ಟಿ ರೋಲರಿನಿಂದ ಉರುಳಿಸಿದರೆ ಅದು ಮೇಲ್ಮಟ್ಟಕ್ಕೆ ಮಾತ್ರ ಹತ್ತುತ್ತದೆ. ಆಮೇಲೆ ಮಂದವಾದ ಇನ್ನೊಂದು ಬಣ್ಣವನ್ನು ಮೆತ್ತನೆ ರೋಲರಿನಿಂದ ಉರುಳಿಸಬೇಕು. ಅದು ತಗ್ಗಿಗೂ ಇಳಿಯುತ್ತದೆ. ಆದರೆ ತೆಳು ಬಣ್ಣ ಇರುವ ಕಡೆ, ಎಣ್ಣೆ ಸವರಿದ ಹೆಂಚಿನ ಮೇಲೆ ನೀರು ನಿಲ್ಲದ ಹಾಗೆ, ಹತ್ತದೆ ಹಿಂದೆ ಸರಿಯುತ್ತದೆ. ಎಲ್ಲವನ್ನೂ ಒಂದೇ ಸಲ ಪ್ರೆಸ್ಸಿಗೆ ಕೊಟ್ಟರೆ ಚಿತ್ರ ಸಿದ್ಧ.

ಇದು ಬರೀ ರಸಾಯನದ ಮಾತಲ್ಲ. ಉಬ್ಬು ತಗ್ಗುಗಳಲ್ಲಿ ಯೋಚಿಸುವುದು ಶಿಲ್ಪಿಯ ಕೈ. ರೆಡ್ಡಿಯವರಿಗೆ ತಗಡು ತಗ್ಗುಶಿಲ್ಪವೇ ಆಗಿತ್ತು. ಶಿಲ್ಪ ಕಲಿಯಲು ಹೋದವರು ಮುದ್ರಣಕಾರರಾದರು ಎಂದರೆ ಅರ್ಧ ನಿಜ. ಮುದ್ರಣದೊಳಕ್ಕೆ ಶಿಲ್ಪವನ್ನು ಹೊತ್ತೊಯ್ದರು ಎಂಬುದು ಪೂರ್ತಿ ನಿಜ. ‘ವರ್ಲ್‌ಪೂಲ್’ನಲ್ಲಿ ಸುಳಿಯುವ ನೀರೂ ‘ಗ್ರೇಟ್ ಕ್ಲೌನ್’ನ ವಿದೂಷಕನೂ ಹುಟ್ಟಿದ್ದು ಆ ಕೈಯಿಂದಲೇ. ಒಂದೇ ತಗಡಿನಿಂದ ಆ ವಿದೂಷಕ ಎಷ್ಟೋ ಬಣ್ಣಗಳಲ್ಲಿ ಬಂದಿದ್ದಾನೆ.

5. ಗಡಿಯವರಿಗೆ ಇದರಿಂದ ಏನು?

ಮೂವರನ್ನೂ ಪಕ್ಕಪಕ್ಕಕ್ಕೆ ಇಟ್ಟರೆ ನನ್ನ ಮಾತು ಸ್ಪಷ್ಟವಾದೀತು. ದೇಶ ಬದಲಾದರೆ ಶೈಲಿ ತಾನಾಗಿ ಬರುವುದಿಲ್ಲ. ಬಂದಿದ್ದರೆ ವಿಮಾನ ಹತ್ತಿದವರೆಲ್ಲ ಹೆಬ್ಬಾರರಾಗಬೇಕಿತ್ತು. ಊರಲ್ಲೇ ಕೂತರೆ ತನ್ನತನ ಉಳಿಯುತ್ತದೆ ಎನ್ನುವುದೂ ಸುಳ್ಳು. ದಖನ್ನಿನ ಬಣ್ಣ ಕಾಣದೆ ಹೋಗಿದ್ದರೆ ರುಕ್ನುದ್ದೀನ್ ಮೊಘಲ್ ಶೈಲಿಯ ಸಮರ್ಥ ಅನುಯಾಯಿಯಾಗಿ ಉಳಿಯುತ್ತಿದ್ದನೇನೋ. ಒಂದನ್ನು ಹಟದಿಂದ ಹಿಡಿದುಕೊಂಡು, ಮಿಕ್ಕದ್ದನ್ನು ನಾಚಿಕೆಯಿಲ್ಲದೆ ಎರವಲು ತಂದವರಿಗೆ ಶೈಲಿ ಒಲಿಯಿತು. ಯಾವುದನ್ನು ಹಿಡಿಯಬೇಕೆಂದು ಗೊತ್ತಾಗಲು ಮಾತ್ರ ಬಹಳ ಕಾಲ ಬೇಕು.

ಈ ಸೀಮೆಯವರಿಗೆ ಇದು ಹೊಸ ಸಂಗತಿಯಲ್ಲ. ನಾವು ಊರು ಬಿಡದಿದ್ದರೂ ನಮ್ಮ ಮೇಲಿನ ಸರ್ಕಾರಗಳು ಬದಲಾಗುತ್ತಲೇ ಬಂದಿವೆ: ವಿಜಯನಗರ, ಬಿಜಾಪುರ, ಮೊಘಲರು, ನಿಜಾಮರ ಮನೆತನ, 1800ರಲ್ಲಿ ಕಂಪನಿ, ಬಳ್ಳಾರಿ ಜಿಲ್ಲೆಯೊಳಗೆ ಸುಮಾರು ನೂರೈವತ್ತು ವರ್ಷ, 1953ರ ಅಕ್ಟೋಬರ್ 1ರಿಂದ ಆಂಧ್ರ. ಮನೆಯಲ್ಲಿ ಕನ್ನಡ, ಸಂತೆಯಲ್ಲಿ ತೆಲುಗು, ಮಸೀದಿ ಓಣಿಯಲ್ಲಿ ಉರ್ದು. ಇದನ್ನು ಕೊರತೆ ಎಂದು ಮಕ್ಕಳಿಗೆ ಹೇಳಿಕೊಡಬೇಡಿ. ಎರವಲು ತರಲು ಇಷ್ಟು ಮನೆಗಳು ಹತ್ತಿರದಲ್ಲಿರುವುದು ಕಲಾವಿದನಿಗೆ ಸಿರಿತನ. ಆದರೆ ಹಿಡಿದುಕೊಳ್ಳುವ ಆ ಒಂದು ಗಟ್ಟಿಯಾಗಿರಬೇಕು. ಕನ್ನಡ ಶಾಲೆಯಲ್ಲಿ ಕನ್ನಡವನ್ನು, ಚಿತ್ರಕಲೆಯ ತರಗತಿಯಲ್ಲಿ ಗೆರೆಯನ್ನು ಗಟ್ಟಿ ಮಾಡಿಸುವುದು ಮೇಷ್ಟರ ಕೆಲಸ.

ಕಡೆಗೆ ಎರಡು ಕೋರಿಕೆ. ಕಮಾಲ್ ಮತ್ತು ಚಾಂದ್ ಮುಹಮ್ಮದರ ಚಿತ್ರವನ್ನು ನ್ಯೂಯಾರ್ಕಿನ ಮ್ಯೂಸಿಯಂ ತನ್ನ ಜಾಲತಾಣದಲ್ಲಿ ಎಲ್ಲರೂ ನೋಡುವಂತೆ ಇಟ್ಟಿದೆ. ಅದನ್ನು ದೊಡ್ಡದಾಗಿ ಅಚ್ಚು ಹಾಕಿಸಿ ಇಲ್ಲಿನ ಶಾಲೆಗಳ ಗೋಡೆಗೆ ಹಾಕಿಸೋಣ. ಪಕ್ಕದಲ್ಲಿ ಬಿಕಾನೇರಿನ ಒಂದು ಚಿತ್ರವೂ ಇರಲಿ, ಏನನ್ನು ಉಳಿಸಿಕೊಂಡರು, ಏನನ್ನು ತಂದರು ಎಂದು ಮಕ್ಕಳೇ ಹುಡುಕಲಿ. ಎರಡನೆಯದು: ಶಾಲಾ ಪ್ರವಾಸಕ್ಕೆ ಬೆಂಗಳೂರಿಗೆ ಹೋದಾಗ ವೆಂಕಟಪ್ಪ ಕಲಾ ಗ್ಯಾಲರಿಯನ್ನೂ ಪಟ್ಟಿಗೆ ಸೇರಿಸಿ, ಹೆಬ್ಬಾರರು ನಾಡಿಗೆ ಕೊಟ್ಟ ಚಿತ್ರಗಳು ಅಲ್ಲಿವೆ. ಈ ದತ್ತಿಯ ಬಡ್ಡಿಯಲ್ಲಿ ಒಂದು ಪಾಲು ಇದಕ್ಕೆ ಸಂದರೆ, ಇಂದಿನ ಉಪನ್ಯಾಸಕ್ಕಿಂತ ಹೆಚ್ಚಿನ ಕೆಲಸ ಅದರಿಂದ ಆದೀತು.