ಪರದೇಶದ ಪೇಟೆಯೂ ನಮ್ಮ ನಾಲ್ಕು ತಾಲೂಕುಗಳೂ

(ಶಿಕ್ಷಕರ ಮತ್ತು ನಾಗರಿಕರ ಸಭೆಯಲ್ಲಿ ಮಾಡಿದ ಭಾಷಣ)



ಹಾನಗಲ್ಲ, ಶಿಗ್ಗಾಂವಿ, ಸವಣೂರು, ಹಿರೇಕೆರೂರು ಈ ನಾಲ್ಕು ತಾಲೂಕುಗಳ ಜನ ಒಂದೆಡೆ ನೆರೆದಿರುವಾಗ ಬೆಳೆಯ ಮಾತನ್ನಲ್ಲದೆ ನಾವು ಬೇರೇನನ್ನು ಆಡೋಣ? ಹಾನಗಲ್ಲಿನ ಬತ್ತ ಮತ್ತು ಮಾವು, ಸವಣೂರಿನ ಎಲೆ, ಶಿಗ್ಗಾಂವಿಯ ಮೆಣಸಿನಕಾಯಿ, ಹಿರೇಕೆರೂರಿನ ಹತ್ತಿ ಮತ್ತು ಗೋವಿನಜೋಳ, ಇವೆಲ್ಲ ಈ ನೆಲದ ಸಂಪತ್ತು. ಬೆಳೆಯುವ ವಿದ್ಯೆ ನಮ್ಮವರಿಗೆ ಕರಗತವಾಗಿದೆ. ಮಾರುವ ವಿದ್ಯೆ ಮಾತ್ರ ಇನ್ನೂ ಪರರ ಕೈಯಲ್ಲಿದೆ. ಅದರ ಫಲವನ್ನು 2024ರ ಮಾರ್ಚ್ ತಿಂಗಳಲ್ಲಿ ನೆರೆಯ ಬ್ಯಾಡಗಿಯಲ್ಲಿ ಕಂಡೆವು. ಮೆಣಸಿನಕಾಯಿಯ ಬೆಲೆ ಕುಸಿಯಿತು. ರೈತನ ಸಿಟ್ಟು ಪೇಟೆಯ ಅಂಗಳದಲ್ಲಿ ಬೆಂಕಿಯಾಗಿ ಹೊತ್ತಿ ವಾಹನಗಳು ಸುಟ್ಟವು. ಆ ಬೆಂಕಿಯಿಂದ ಬೆಲೆ ಏರಲಿಲ್ಲ. ಒಂದೇ ಪೇಟೆಯನ್ನು ನಂಬಿದವನಿಗೆ ಆ ಪೇಟೆ ಮುನಿದರೆ ಬೇರೆ ಗತಿಯೇನು?

ಇತರ ಪೇಟೆಗಳಿಗೆ ದಾರಿ ತೋರುವ ಸಂಸ್ಥೆಗಳು ನಮ್ಮಲ್ಲಿ ಇಲ್ಲದಿಲ್ಲ. ಬೆಂಗಳೂರಿನ ವಿಶ್ವೇಶ್ವರಯ್ಯ ವ್ಯಾಪಾರ ಉತ್ತೇಜನ ಕೇಂದ್ರವು 1965ರಲ್ಲಿ ಹುಟ್ಟಿತು. ಕರ್ನಾಟಕದ ಮಾಲು ಪರದೇಶಕ್ಕೆ ಹೋಗಲು ನೆರವಾಗುವುದೇ ಅದರ ಕೆಲಸ. ದಿಲ್ಲಿಯಲ್ಲಿ ಭಾರತ ವ್ಯಾಪಾರ ಉತ್ತೇಜನ ಸಂಸ್ಥೆಯುಂಟು. ಅದು ಸರಕಾರದ ಒಡೆತನದ್ದಾದರೂ ಲಾಭ ಹಂಚಿಕೊಳ್ಳುವ ಕಂಪನಿಯಲ್ಲ. ಪ್ರತಿವರ್ಷ ನವೆಂಬರ 14ರಿಂದ ಅದು ನಡೆಸುವ ಅಂತರರಾಷ್ಟ್ರೀಯ ಮೇಳದಲ್ಲಿ ಪರದೇಶದ ಕೊಳ್ಳುವವರೂ ನಮ್ಮ ಮಾರುವವರೂ ಎದುರುಬದುರಾಗುತ್ತಾರೆ. ಇವು ತಾವು ವ್ಯಾಪಾರ ಮಾಡುವುದಿಲ್ಲ. ವ್ಯಾಪಾರಕ್ಕೆ ಹಾದಿ ಹಸನು ಮಾಡುತ್ತವೆ. ಆದರೆ ಹಾದಿಯಿದ್ದರೆ ಸಾಲದು, ನಡೆಯುವವರು ಬೇಕು.

ಹಿಂದೆ ನಮಗೆ ಮೇರೆಗಳ ಕಾಟವಿತ್ತು. 1948ರವರೆಗೆ ಸವಣೂರು ನವಾಬರ ಸಂಸ್ಥಾನ; ಉಳಿದ ಮೂರು ಸೀಮೆಗಳು ಮುಂಬಯಿ ಇಲಾಖೆಯಲ್ಲಿದ್ದವು. ಸವಣೂರಿನ ಎಲೆಯ ಪೆಂಡಿ ಶಿಗ್ಗಾಂವಿಗೆ ಬರಬೇಕಾದರೂ ರಾಜ್ಯವೊಂದರ ಗಡಿ ದಾಟಬೇಕಾಗಿತ್ತು. 1956ರಲ್ಲಿ ಕನ್ನಡ ನಾಡು ಒಂದಾಯಿತು, 1997ರಲ್ಲಿ ಹಾವೇರಿ ಜಿಲ್ಲೆಯೂ ಆಯಿತು. ಆ ಗಡಿಗಳು ಅಳಿದವು. ಇನ್ನು ಉಳಿದಿರುವುದು ತಿಳಿವಳಿಕೆಯ ಕೊರತೆಯ ಗಡಿ.

ಬ್ಯಾಡಗಿ ಮೆಣಸಿನಕಾಯಿಯನ್ನೇ ನೋಡಿರಿ. ಖಾರ ಕಡಿಮೆ, ಬಣ್ಣ ಹೆಚ್ಚು. ಆ ಬಣ್ಣದ ಸತ್ವಕ್ಕಾಗಿಯೇ ಪರದೇಶದವರು ಅದನ್ನು ಬಯಸುವುದು. 2011ರಲ್ಲಿ ಅದಕ್ಕೆ ಭೌಗೋಳಿಕ ಗುರುತಿನ ಮಾನ್ಯತೆಯೂ ದೊರೆಯಿತು. ಆದರೆ ಹೆಸರು ಗಳಿಸುವುದು ಕಷ್ಟ, ಕಳೆಯುವುದು ಸುಲಭ. 2003ರಲ್ಲಿ ಭಾರತದಿಂದ ಹೋದ ಮೆಣಸಿನ ಪುಡಿಯಲ್ಲಿ ಸುಡಾನ್ ಎಂಬ ಕೃತಕ ಬಣ್ಣವು ಯುರೋಪದಲ್ಲಿ ಸಿಕ್ಕಿಬಿದ್ದಿತು. ಯಾರೋ ಕೆಲವರ ದುರಾಸೆಗೆ ದೇಶದ ಮಾಲೆಲ್ಲ ಸಂಶಯಕ್ಕೀಡಾಯಿತು. ಆಮೇಲೆ ಕೊಚ್ಚಿಯ ಸಾಂಬಾರ ಮಂಡಳಿಯು ರಫ್ತಾಗುವ ಮೆಣಸಿನಕಾಯಿಯ ಪರೀಕ್ಷೆಯನ್ನು ಕಡ್ಡಾಯ ಮಾಡಬೇಕಾಯಿತು.

ಇನ್ನೊಂದು ಶತ್ರು ನಮ್ಮ ಕಣದಲ್ಲಿಯೇ ಇದೆ. ಹಸಿ ನೆಲದ ಮೇಲೆ ಒಣಹಾಕಿದ ಕಾಯಿಗೆ ಬೂಷ್ಟು ಹಿಡಿದು ಅಫ್ಲಾಟಾಕ್ಸಿನ್ ಎಂಬ ವಿಷ ಹುಟ್ಟುತ್ತದೆ. ಒಂದು ಕಿಲೋ ಕಾಯಿಯಲ್ಲಿ ಅದು 10 ಮೈಕ್ರೋಗ್ರಾಮ್ ಮೀರಿದರೆ, ಅಂದರೆ ಒಂದು ಗ್ರಾಮಿನ ಲಕ್ಷದಲ್ಲೊಂದು ಪಾಲು ಮೀರಿದರೆ, ಯುರೋಪ ಆ ಮಾಲನ್ನು ಒಳಗೆ ಬಿಡದು. ತೂಕದ ಆಸೆಗೆ ನೀರು ಚಿಮುಕಿಸಿದವನು ಗಳಿಸುವುದು ನಾಲ್ಕು ಕಾಸು. ಕಳೆಯುವುದು ಊರಿನ ಹೆಸರು. ಒಂದು ತಾಡಪತ್ರಿ ಹಾಸಿ ಒಣಗಿಸುವ ರೈತನು ಯಾವ ಮಂಡಳಿಯೂ ಮಾಡಲಾರದ ಉಪಕಾರವನ್ನು ಮಾಡುತ್ತಾನೆ.

ಶಿಕ್ಷಕ ಬಂಧುಗಳೇ, ಇಲ್ಲಿ ನಿಮ್ಮ ಕೆಲಸವಿದೆ. ಪರದೇಶಕ್ಕೆ ಮಾಲು ಕಳಿಸಲು ಬೇಕಾದ ಆಮದು ರಫ್ತು ಸಂಕೇತಸಂಖ್ಯೆಗೆ 500 ರೂಪಾಯಿ ಶುಲ್ಕ ಸಾಕೆಂಬುದನ್ನು ಎಷ್ಟು ಹಳ್ಳಿಗಳು ಬಲ್ಲವು? ಒಬ್ಬೊಬ್ಬ ರೈತನ ಎರಡು ಚೀಲಕ್ಕೆ ಪರದೇಶದವನು ಬರಲಾರ. ಹತ್ತು ಹಳ್ಳಿಗಳು ಕೂಡಿ ಒಂದೇ ತರದ ಶುದ್ಧ ಮಾಲು ಕೂಡಿಸಿದರೆ ಬಾರದಿರಲಾರ. ರೈತರ ಸಂಘ ಕಟ್ಟಿಸಿರಿ. ಲೆಕ್ಕ ಬರೆಯಲು ಕಲಿಸಿರಿ. ಬೆಂಗಳೂರಿನ ಕೇಂದ್ರಕ್ಕೆ ಅವರ ಪರವಾಗಿ ಒಂದು ಕಾಗದ ಬರೆಯಿರಿ. ಪಟ್ಟಣದ ಮಹನೀಯರೇ, ನೀವು ಅವರಿಗೊಂದು ಕೋಣೆಯನ್ನೂ ನಿಮ್ಮ ಬಿಡುವಿನ ಒಂದು ಸಂಜೆಯನ್ನೂ ಕೊಡಿರಿ.

ಸರಕಾರಕ್ಕೂ ನಮ್ಮದೊಂದು ಬಿನ್ನಹ. ತಿಳಿವಳಿಕೆಯ ಶಿಬಿರಗಳು ಜಿಲ್ಲೆಯ ಊರಿನಲ್ಲಿ ನಿಲ್ಲದೆ ತಾಲೂಕಿಗೂ ಬರಲಿ, ಕನ್ನಡದಲ್ಲಿಯೇ ನಡೆಯಲಿ. ರೈತನಿಗೆ ತಿಳಿಯದ ಭಾಷೆಯ ಉಪದೇಶ ಕಲ್ಲಿನ ಮೇಲೆ ಸುರಿದ ಮಳೆ.

ನಮ್ಮ ಮಾಲು ನಮ್ಮ ಊರ ಹೆಸರಿನಿಂದಲೇ ಕಡಲು ದಾಟಲಿ. ಅದರ ಬೆಲೆ ಬೆಳೆದವನ ಮನೆಗೆ ಬರಲಿ. ಇಷ್ಟನ್ನು ಅರಿಕೆ ಮಾಡಿ ನಮ್ಮ ಮಾತನ್ನು ಮುಗಿಸುತ್ತೇವೆ.