ಬೆಂದುಹೋದ ಸಾಕ್ಷ್ಯ

ಕೊಲೆ ನಗುವ ವಿಷಯವಲ್ಲ. ಆದರೂ ಕೊಲೆಯಾದ ಮನೆಯೊಳಗೆ ನಮ್ಮನ್ನು ಕೂರಿಸಿ ನಗಿಸುವ ಕಿರುಚಿತ್ರವೊಂದುಂಟು: ಆಲ್‌ಫ್ರೆಡ್ ಹಿಚ್‌ಕಾಕ್ 1958ರಲ್ಲಿ ಅಮೆರಿಕದ ಟೆಲಿವಿಷನ್ ಸರಣಿಗಾಗಿ ನಿರ್ದೇಶಿಸಿದ 'ಲ್ಯಾಂಬ್ ಟು ದಿ ಸ್ಲಾಟರ್'. ಅವಧಿ ಅರ್ಧ ಗಂಟೆಗೂ ಕಡಿಮೆ. ಇದರ ಮೂಲಕಥೆಯನ್ನು 1953ರಲ್ಲಿ ಪ್ರಕಟಿಸಿದ್ದ ರೋಲ್ಡ್ ಡಾಲ್ ಅವರೇ ಚಿತ್ರಕಥೆಯನ್ನೂ ಬರೆದರು.

ಮೇರಿ ಗರ್ಭಿಣಿ, ಆಕೆಯ ಪತಿ ಪೊಲೀಸ್ ಅಧಿಕಾರಿ. ಒಂದು ಸಂಜೆ ಮನೆಗೆ ಬಂದವನು, ಅವಳನ್ನು ತೊರೆದು ಹೋಗುವುದಾಗಿ ತಿಳಿಸುತ್ತಾನೆ. ಅಡುಗೆಗೆಂದು ತೆಗೆದ, ಕಲ್ಲಿನಂತೆ ಹೆಪ್ಪುಗಟ್ಟಿದ ಕುರಿಮರಿಯ ತೊಡೆ ಅವಳ ಕೈಯಲ್ಲಿದೆ. ಒಂದೇ ಏಟು. ಆಮೇಲೆ ಮಾಂಸವನ್ನು ಬೇಯಲಿಟ್ಟು, ಅಂಗಡಿಗೆ ಹೋಗಿಬಂದು, ಪೊಲೀಸರಿಗೆ ಫೋನು ಮಾಡುತ್ತಾಳೆ.

ಬಂದವರು ಭಾರವಾದ ಆಯುಧಕ್ಕಾಗಿ ಮನೆಯೆಲ್ಲ ಜಾಲಾಡುತ್ತಾರೆ. ಕಾನೂನನ್ನು ಬಲ್ಲ ಆ ಗಂಡಸರ ಊಹೆಗೆ ಒಲೆಯೊಳಗಿನ ಅಡುಗೆ ನಿಲುಕುವುದಿಲ್ಲ. ಹಸಿದವರನ್ನು ಮೇರಿ ಊಟಕ್ಕೆ ಕರೆಯುತ್ತಾಳೆ. ಆಯುಧ ನಮ್ಮ ಮೂಗಿನ ಕೆಳಗೇ ಇದ್ದೀತು ಎಂದು ಮಾತಾಡಿಕೊಳ್ಳುತ್ತಲೇ ಅವರು ಸಾಕ್ಷ್ಯವನ್ನು ಅಗಿದು ನುಂಗುತ್ತಾರೆ. ಪಕ್ಕದ ಕೋಣೆಯಲ್ಲಿ ಕುಳಿತ ಮೇರಿಗೆ ನಗು ತಡೆಯಲಾಗುವುದಿಲ್ಲ. ಬಾರ್ಬರಾ ಬೆಲ್ ಗೆಡ್ಡೆಸ್ ಅವರ ಶಾಂತವಾದ ಮುಖದಲ್ಲಿ ಮೂಡುವ ಆ ನಗು ಭಯ ಹುಟ್ಟಿಸುತ್ತದೆ.

ಅಂದಿನ ಅಮೆರಿಕದ ಟೆಲಿವಿಷನ್ನಿನಲ್ಲಿ ಅಪರಾಧಿ ಶಿಕ್ಷೆ ತಪ್ಪಿಸಿಕೊಳ್ಳುವಂತಿರಲಿಲ್ಲ. ಆದ್ದರಿಂದ ಕೊನೆಗೆ ಹಿಚ್‌ಕಾಕ್ ತಾವೇ ತೆರೆಗೆ ಬಂದು ಗಂಭೀರವಾಗಿ ವರದಿ ಒಪ್ಪಿಸುತ್ತಾರೆ. ಮೇರಿ ಎರಡನೆಯ ಗಂಡನನ್ನೂ ಇದೇ ಉಪಾಯದಿಂದ ಮುಗಿಸಲು ಹೊರಟು ಸಿಕ್ಕಿಬಿದ್ದಳಂತೆ. ಆ ಮರೆಗುಳಿ ಮನುಷ್ಯ ಶೀತಕಪಾಟಿಗೆ ವಿದ್ಯುತ್ ಕೊಡುವುದನ್ನೇ ಮರೆತಿದ್ದ, ಮಾಂಸ ಮೆತ್ತಗಾಗಿತ್ತು! ಪೊಲೀಸರಿಂದಾಗದ ನ್ಯಾಯವನ್ನು ಒಬ್ಬನ ಮರೆವು ಮಾಡಿತು. ಹಿಚ್‌ಕಾಕ್ ನಿಯಮಕ್ಕೆ ಕೈಮುಗಿದು, ಅದೇ ಕ್ಷಣದಲ್ಲಿ ಅದನ್ನು ಅಣಕಿಸುತ್ತಾರೆ.

ಆದರೆ ಈ ಅಣಕಕ್ಕೆ ಗುರಿಯಾದವರು ಪೊಲೀಸರಷ್ಟೇ ಅಲ್ಲ. ಅವರು ಉಣ್ಣುತ್ತಿದ್ದಾಗ, ಆಕೆ ಸಿಕ್ಕಿಬೀಳದಿರಲೆಂದು ನಾವು ಹಾರೈಸಿದ್ದೆವು. ಪತ್ನಿಯನ್ನು ತೊರೆಯುವುದು ಕ್ರೌರ್ಯವೇ. ಅದಕ್ಕೆ ಮರಣದಂಡನೆ ತಕ್ಕುದೇ? ಆ ಅರ್ಧ ಗಂಟೆಯಲ್ಲಿ ಈ ಪ್ರಶ್ನೆ ನಮಗೆ ಹೊಳೆಯಲೇ ಇಲ್ಲ. ಸತ್ತವನಿಗಾಗಿ ಒಂದು ನಿಟ್ಟುಸಿರನ್ನೂ ಬಿಡದೆ, ಆ ಊಟದ ಮೇಜಿಗೆ ನಾವೂ ಒಂದು ಕುರ್ಚಿ ಎಳೆದುಕೊಂಡಿದ್ದೆವು.